ಹನೋಯ್‌ನಲ್ಲಿ ಬೀದಿ ತಿಂಡಿ ನಡಿಗೆ: ಬುಕಿಂಗ್‌ನಿಂದ ಕೊನೆಯ ಕಾಫಿಯವರೆಗೆ

ವಿಯೆಟ್ನಾಂನ ಹನೋಯ್‌ಗೆ ಹೋಗಿ ಬಂದವರಿಂದ ನಾನು ಕೇಳುವ ದೂರು ಮೂರೇ ಮೂರು. "ಎರಡನೇ ಅಂಗಡಿಯಲ್ಲೇ ಹೊಟ್ಟೆ ತುಂಬಿಹೋಯಿತು." "ಸಸ್ಯಾಹಾರಿ ಅಂತ ಹೇಳಿದ್ದೆ, ಆದರೂ ಬಟ್ಟಲಲ್ಲಿ ಮೀನಿನ ವಾಸನೆ." "ಎಲ್ಲರೂ ತಿನ್ನುತ್ತಿದ್ದರು, ನಾನು ಬಾಳೆಹಣ್ಣು ಹಿಡಿದು ನಿಂತಿದ್ದೆ."

ಗೈಡ್ ಜೊತೆ ಹಳೇ ಊರಿನ ಗಲ್ಲಿಗಳಲ್ಲಿ ಮೂರು ಗಂಟೆ ನಡೆದು, ಆರೇಳು ಕಡೆ ತಿನ್ನುವುದು ಕಷ್ಟದ ಕೆಲಸವೇನಲ್ಲ. ಆದರೆ ಈ ಮೂರೂ ತಪ್ಪುಗಳು ನೀವು ಹೋಟೆಲ್ ಬಿಡುವ ಮೊದಲೇ ಆಗಿಬಿಟ್ಟಿರುತ್ತವೆ. ಅದಕ್ಕೇ ಇಲ್ಲಿ ನಡಿಗೆಗಿಂತ ಅದರ ಹಿಂದಿನ ತಯಾರಿಗೆ ಜಾಸ್ತಿ ಜಾಗ ಕೊಟ್ಟಿದ್ದೇನೆ. ಹಂತಗಳನ್ನು ಇದೇ ಕ್ರಮದಲ್ಲಿ ಮಾಡಿ. ಮೂರನೆಯದನ್ನು ಮಾತ್ರ ಯಾವ ಕಾರಣಕ್ಕೂ ಬಿಡಬೇಡಿ.

## ಹಂತ 1: ದಿನ, ಹೊತ್ತು ಆರಿಸಿ

ಊರಿಗೆ ಬಂದ ಮೊದಲ ಅಥವಾ ಎರಡನೇ ದಿನವೇ ನಡಿಗೆ ಇಟ್ಟುಕೊಳ್ಳಿ. ಕೊನೆಯ ದಿನಕ್ಕೆ ಇಟ್ಟರೆ, ಇಷ್ಟವಾದ ಅಂಗಡಿಗೆ ಮತ್ತೆ ಹೋಗಲು ಸಮಯ ಇರುವುದಿಲ್ಲ.

ಬೆಳಗಿನ ನಡಿಗೆ, ಸಂಜೆಯ ನಡಿಗೆ ಎರಡೂ ಇವೆ. ಬೆಳಿಗ್ಗೆ ಫೋ, ಸೋಯ್, ಬಾನ್ ಕುವನ್ ಚೆನ್ನಾಗಿ ಸಿಗುತ್ತವೆ. ಫೋ ಅಂದರೆ ಮೂಳೆ ಸಾರಿನಲ್ಲಿ ಕೊಡುವ ಅಕ್ಕಿ ನೂಡಲ್ಸ್. ಸೋಯ್ ಅಂದರೆ ಅಂಟು ಅಕ್ಕಿಯ ಅನ್ನ. ಬಾನ್ ಕುವನ್ ನಮ್ಮ ನೀರುದೋಸೆಯ ಹಾಗೆ ತೆಳ್ಳಗಿರುತ್ತದೆ. ಆದರೆ ಕಾವಲಿಯಲ್ಲಿ ಹುಯ್ಯುವುದಿಲ್ಲ, ಪಾತ್ರೆಯ ಬಾಯಿಗೆ ಕಟ್ಟಿದ ಬಟ್ಟೆಯ ಮೇಲೆ ಹಿಟ್ಟು ಹರಡಿ ಹಬೆಯಲ್ಲಿ ಬೇಯಿಸುತ್ತಾರೆ. ಇದ್ದಿಲಿನ ಮೇಲೆ ಹಂದಿಮಾಂಸ ಸುಟ್ಟು ಕೊಡುವ ಬುನ್ ಚಾ ಮೂಲತಃ ಮಧ್ಯಾಹ್ನದ ಊಟ. ಸಂಜೆಯ ನಡಿಗೆಯಲ್ಲಿ ಗಲಾಟೆ ಜಾಸ್ತಿ, ದೀಪ ಜಾಸ್ತಿ, ಬಿಸಿಲು ಇಲ್ಲ. ಮೊದಲ ಸಲ ಹೋಗುವವರಿಗೆ ನಾನು ಸಂಜೆಯದನ್ನೇ ಹೇಳುತ್ತೇನೆ.

ಒಂದು ಲೆಕ್ಕ ನೆನಪಿಡಿ. ಅಲ್ಲಿನ ಗಡಿಯಾರ ನಮಗಿಂತ ಒಂದೂವರೆ ಗಂಟೆ ಮುಂದೆ. ಅಲ್ಲಿ ಸಂಜೆ 6 ಆದಾಗ ನಿಮ್ಮ ಹೊಟ್ಟೆಗೆ ಇನ್ನೂ ನಾಲ್ಕೂವರೆ, ಕಾಫಿ-ಚಕ್ಕುಲಿ ಹೊತ್ತು. ಮೊದಲ ದಿನ ಹಸಿವೇ ಆಗಲಿಲ್ಲ ಅನ್ನುವವರಿಗೆ ಇದೂ ಒಂದು ಕಾರಣ.

ತೆತ್ ಹಬ್ಬದ ವಾರ, ಅಂದರೆ ಜನವರಿ 21ರಿಂದ ಫೆಬ್ರವರಿ 20ರೊಳಗೆ ಬರುವ ಅವರ ಹೊಸ ವರ್ಷದ ಹೊತ್ತಿನಲ್ಲಿ, ಹೋಗಬೇಡಿ. ಮನೆಮಂದಿಯೇ ನಡೆಸುವ ಅಂಗಡಿಗಳೆಲ್ಲ ಮುಚ್ಚಿರುತ್ತವೆ. ಜೂನ್‌ನಿಂದ ಆಗಸ್ಟ್‌ವರೆಗೆ ಸೆಕೆ, ಮಳೆ ಎರಡೂ ಕಾಡುತ್ತವೆ.

ಶುಕ್ರವಾರ ಸಂಜೆಯಿಂದ ಭಾನುವಾರ ರಾತ್ರಿವರೆಗೆ ಹೋವಾನ್ ಕಿಯೆಮ್ ಕೆರೆಯ ಸುತ್ತ ವಾಹನ ಬಿಡುವುದಿಲ್ಲ. ಅದೇ ದಿನಗಳಲ್ಲಿ ಹಾಂಗ್ ದಾವ್ ಬೀದಿಯಿಂದ ದೋಂಗ್ ಸುವನ್ ಮಾರುಕಟ್ಟೆಯವರೆಗೆ ರಾತ್ರಿ ಸಂತೆಯೂ ಇರುತ್ತದೆ. ನೋಡಲು ಚೆಂದ, ಆದರೆ ಗುಂಪಿನ ಜೊತೆ ನಡೆಯಲು ತ್ರಾಸ. ತಿನ್ನುವುದೇ ಮುಖ್ಯ ಅಂದರೆ ಸೋಮವಾರದಿಂದ ಗುರುವಾರದೊಳಗೆ ಇಟ್ಟುಕೊಳ್ಳಿ.

ಸಸ್ಯಾಹಾರಿಗಳು ಕ್ಯಾಲೆಂಡರ್ ಜೊತೆಗೆ ಪಂಚಾಂಗವನ್ನೂ ನೋಡಿ. ವಿಯೆಟ್ನಾಂನಲ್ಲಿ ಚಾಂದ್ರಮಾಸದ ಮೊದಲ ದಿನ ಮತ್ತು ಹದಿನೈದನೇ ದಿನ ಬಹಳ ಜನ ಮಾಂಸ ಬಿಡುತ್ತಾರೆ. ನಮ್ಮ ಲೆಕ್ಕದಲ್ಲಿ ಅಮಾವಾಸ್ಯೆಯ ಮಾರನೇ ದಿನ ಮತ್ತು ಹುಣ್ಣಿಮೆ, ಒಂದು ದಿನ ಆಚೀಚೆ. ಆ ದಿನಗಳಲ್ಲಿ ಸಸ್ಯಾಹಾರ ಕೇಳಿದರೆ ಯಾರೂ ಹುಬ್ಬೇರಿಸುವುದಿಲ್ಲ.

## ಹಂತ 2: ಯಾವ ನಡಿಗೆ ಅಂತ ತೀರ್ಮಾನಿಸಿ

ಗುಂಪಿನ ನಡಿಗೆಗೆ ಸಾಮಾನ್ಯವಾಗಿ ಒಬ್ಬರಿಗೆ 20ರಿಂದ 35 ಡಾಲರ್ ಕೇಳುತ್ತಾರೆ. ನಿಮಗೊಬ್ಬರಿಗೇ ಗೈಡ್ ಬೇಕು ಅಂದರೆ ಇನ್ನೂ ಜಾಸ್ತಿ. ದರಕ್ಕಿಂತ ಮೊದಲು ಈ ನಾಲ್ಕು ಪ್ರಶ್ನೆಗಳನ್ನು ಬರೆದು ಕೇಳಿ:

1. ಗುಂಪಿನಲ್ಲಿ ಹೆಚ್ಚೆಂದರೆ ಎಷ್ಟು ಜನ? ಎಂಟು ಮೀರಬಾರದು. ಹನೋಯ್‌ನ ಫುಟ್‌ಪಾತ್ ಅರ್ಧ ಸ್ಕೂಟರ್ ನಿಲ್ಲಿಸಲು, ಇನ್ನರ್ಧ ಅಡುಗೆ ಮಾಡಲು ಬಳಕೆಯಾಗುತ್ತದೆ. ಹದಿನೈದು ಜನ ಹೋದರೆ ಕೂರಲು ಜಾಗವೇ ಇರುವುದಿಲ್ಲ, ಗೈಡ್ ಹೇಳುವುದು ಹಿಂದಿದ್ದವರಿಗೆ ಕೇಳುವುದೂ ಇಲ್ಲ.
2. ಎಷ್ಟು ಕಡೆ ನಿಲ್ಲುತ್ತೀರಿ, ಎಲ್ಲಾ ತಿಂಡಿ ದರದಲ್ಲಿ ಸೇರಿದೆಯಾ? ನೀರು, ಬಿಯರ್, ಕಾಫಿ ಪ್ರತ್ಯೇಕವಾ?
3. ಒಟ್ಟು ನಡಿಗೆ ಎಷ್ಟು ಕಿಲೋಮೀಟರ್? ಅಪ್ಪ-ಅಮ್ಮನನ್ನು ಕರೆದುಕೊಂಡು ಹೋಗುವವರು ಇನ್ನೊಂದು ವಿಷಯವನ್ನೂ ಕೇಳಿ: ಎಲ್ಲಾ ಕಡೆ ಕುರ್ಚಿ ಇದೆಯಾ? ಅಲ್ಲಿನ ಪ್ಲಾಸ್ಟಿಕ್ ಸ್ಟೂಲ್ ನಮ್ಮ ಬಚ್ಚಲುಮನೆಯ ಮಣೆಗಿಂತ ಸ್ವಲ್ಪವೇ ಎತ್ತರ. ಮೊಣಕಾಲು ನೋವಿರುವವರಿಗೆ ಕೂರುವುದಕ್ಕಿಂತ ಏಳುವುದೇ ಕಷ್ಟ.
4. ಮಳೆ ಬಂದರೆ ಏನು ಮಾಡುತ್ತೀರಿ?

ದುಡ್ಡಿಲ್ಲದೆ ಕರೆದುಕೊಂಡು ಹೋಗುವ ವಿದ್ಯಾರ್ಥಿ ಗೈಡ್‌ಗಳೂ ಹನೋಯ್‌ನಲ್ಲಿದ್ದಾರೆ. ಇಂಗ್ಲಿಷ್ ಅಭ್ಯಾಸ ಮಾಡಲು ಬರುವ ಹುಡುಗ ಹುಡುಗಿಯರು. ಮಾತಿಗೆ ಬಹಳ ಒಳ್ಳೆಯವರು. ತಿಂಡಿಯ ಖರ್ಚು ನಿಮ್ಮದು, ಅವರದ್ದನ್ನೂ ನೀವೇ ಕೊಡುವುದು ಮರ್ಯಾದೆ. ಆದರೆ ಅಲರ್ಜಿ, ಕಟ್ಟುನಿಟ್ಟಿನ ಸಸ್ಯಾಹಾರ ಇರುವವರಿಗೆ ಇದು ಬೇಡ. ಅಡುಗೆಯವರ ಜೊತೆ ಮೊದಲೇ ಮಾತಾಡಿ ಇಟ್ಟಿರುವ ಗೈಡ್ ಬೇಕು.

ಎಚ್ಚರಿಕೆಯ ಗುರುತುಗಳು: ಎಲ್ಲಾ ಪ್ರಶ್ನೆಗೂ "ನೋ ಪ್ರಾಬ್ಲಂ" ಎಂಬ ಒಂದೇ ಉತ್ತರ. ಪೂರ್ತಿ ದುಡ್ಡು ಖಾಸಗಿ ಖಾತೆಗೆ ಮುಂಗಡ ಕಳಿಸಿ ಅನ್ನುವುದು. ಮಧ್ಯದಲ್ಲಿ ರೇಷ್ಮೆ ಅಂಗಡಿ, ಕಾಫಿ ಪುಡಿ ಅಂಗಡಿಗೆ "ಹತ್ತೇ ನಿಮಿಷ" ಎಂಬ ಸಾಲು. ಇವುಗಳಲ್ಲಿ ಎರಡು ಕಂಡರೆ ಬೇರೆ ನೋಡಿ.

## ಹಂತ 3: ಊಟದ ಸಂದೇಶ ಕಳಿಸಿ

ಬುಕಿಂಗ್ ಪುಟದಲ್ಲಿ "ವೆಜಿಟೇರಿಯನ್" ಎಂಬ ಪೆಟ್ಟಿಗೆಗೆ ಟಿಕ್ ಹಾಕಿದರೆ ಮುಗಿಯಿತು ಅಂದುಕೊಳ್ಳುವುದೇ ದೊಡ್ಡ ತಪ್ಪು. ಅಲ್ಲಿನ ಬಹಳ ಅಡುಗೆಯವರ ಲೆಕ್ಕದಲ್ಲಿ ಮೇಲಿನ ಮಾಂಸದ ತುಂಡು ತೆಗೆದರೆ ಅದು ಸಸ್ಯಾಹಾರ. ಕೆಳಗಿರುವ ಸಾರು ಮೂಳೆಯದ್ದೇ ಆಗಿರುತ್ತದೆ.

ಕಣ್ಣಿಗೆ ಕಾಣದೆ ಒಳಗೆ ಬರುವವು ಇವು. ಒಂದು, ನಿಯಕ್ ಮಮ್, ಅಂದರೆ ಮೀನಿನ ಸಾಸ್. ನಾವು ಉಪ್ಪು ಹಾಕುವ ಕಡೆಯೆಲ್ಲ ಅವರು ಇದನ್ನು ಹಾಕುತ್ತಾರೆ. ಅದ್ದಿಕೊಳ್ಳುವ ತೆಳು ಸಾಸ್ ಕೂಡ ಹೆಚ್ಚಾಗಿ ಇದರದ್ದೇ. ಎರಡು, ಮಮ್ ತೋಮ್, ನೇರಳೆ ಬಣ್ಣದ ಸೀಗಡಿ ಪೇಸ್ಟ್. ಇದು ವಾಸನೆಯಲ್ಲೇ ಗೊತ್ತಾಗುತ್ತದೆ ಬಿಡಿ. ಮೂರು, ಹಂದಿಯ ಕೊಬ್ಬು. ಸೋಯ್ ಮೇಲೆ ಸುರಿಯುವ ಹೊಳೆಯುವ ಎಣ್ಣೆ ಎಷ್ಟೋ ಸಲ ಇದೇ. ನಾಲ್ಕು, ಪಾಟೆ. ಬಾನ್ ಮಿ ಬ್ರೆಡ್ಡಿನ ಒಳಗೆ ಸವರುವ ಕಂದು ಪೇಸ್ಟ್, ಸಾಮಾನ್ಯವಾಗಿ ಹಂದಿಯ ಲಿವರ್‌ನದ್ದು. ಮೊಟ್ಟೆ ಬಾನ್ ಮಿ ಕೇಳಿದರೂ ಅಭ್ಯಾಸದ ಮೇಲೆ ಅದನ್ನೇ ಸವರಿಬಿಡುತ್ತಾರೆ.

ಹಾಗಾಗಿ ನಡಿಗೆಗೆ ಎರಡು ದಿನ ಮೊದಲು ಇಂಥ ಸಂದೇಶ ಕಳಿಸಿ. ಇಂಗ್ಲಿಷ್‌ಗೆ ತಿರುಗಿಸಿಕೊಳ್ಳಿ, ನಿಮ್ಮ ಮನೆಗೆ ತಕ್ಕಂತೆ ಬದಲಿಸಿ:

"ನಾವು ಇಬ್ಬರು. ಒಬ್ಬರು ಮಾಂಸ, ಮೀನು, ಸೀಗಡಿ ತಿನ್ನುವುದಿಲ್ಲ. ಮೀನಿನ ಸಾಸ್, ಸೀಗಡಿ ಪೇಸ್ಟ್, ಮೂಳೆ ಸಾರು, ಹಂದಿ ಕೊಬ್ಬು, ಪಾಟೆ ಕೂಡ ಬೇಡ. ಹಾಲು, ಮೊಟ್ಟೆ ಆಗುತ್ತದೆ. ಇನ್ನೊಬ್ಬರು ಕೋಳಿ, ಮೀನು ತಿನ್ನುತ್ತಾರೆ, ದನ ಮತ್ತು ಹಂದಿ ಬೇಡ. ಶೇಂಗಾ ಅಲರ್ಜಿ ಇಲ್ಲ. ಪ್ರತಿ ಅಂಗಡಿಯಲ್ಲಿ ಒಬ್ಬೊಬ್ಬರಿಗೂ ಏನು ಕೊಡುತ್ತೀರಿ, ತಿಂಡಿಯ ಹೆಸರು ಬರೆದು ಕಳಿಸಿ."

ಕೊನೆಯ ಸಾಲೇ ಇದರ ಜೀವ. ಹೆಸರು ಬರೆದು ಕಳಿಸುವ ಗೈಡ್ ನಿಜವಾಗಿ ಯೋಚಿಸಿದ್ದಾರೆ ಅಂತ ಅರ್ಥ. "ಚಿಂತೆ ಬೇಡ, ಬನ್ನಿ" ಅಂದವರು ಅಂಗಡಿಯ ಮುಂದೆ ನಿಂತಾಗ ಯೋಚಿಸಲು ಶುರುಮಾಡುತ್ತಾರೆ. ಆಗಲೇ ನಿಮ್ಮ ಕೈಗೆ ಬಾಳೆಹಣ್ಣು ಬರುವುದು.

ಶೇಂಗಾ ಅಲರ್ಜಿ ಇರುವವರು ಆ ಸಾಲನ್ನು ತಿದ್ದಿ, ಎಲ್ಲಕ್ಕಿಂತ ಮೇಲೆ ಬರೆಯಿರಿ. ಪುಡಿ ಮಾಡಿದ ಶೇಂಗಾವನ್ನು ಸಲಾಡ್, ನೂಡಲ್ಸ್, ಸಿಹಿ ಎಲ್ಲದರ ಮೇಲೂ ಉದುರಿಸುತ್ತಾರೆ. ಅಲರ್ಜಿ ತೀವ್ರವಾಗಿದ್ದರೆ ಬೀದಿ ನಡಿಗೆಯನ್ನೇ ಬಿಡಿ. ಒಂದೇ ಚಮಚ ಹತ್ತು ಡಬ್ಬಿಗೆ ಹೋಗಿ ಬರುವ ಜಾಗ ಅದು.

ಈಗ ಒಂದು ತಮಾಷೆಯ ಅಪಾಯ. ವಿಯೆಟ್ನಾಮಿ ಭಾಷೆಯಲ್ಲಿ ಸಸ್ಯಾಹಾರಕ್ಕೆ "ಚಾಯ್" ಅನ್ನುತ್ತಾರೆ. ಚಹಾಕ್ಕೆ ಹನೋಯ್ ಜನರ ಬಾಯಲ್ಲಿ "ಚಾ". ಬುನ್ ಚಾದಲ್ಲಿರುವ ಸುಟ್ಟ ಮಾಂಸದ ಉಂಡೆಯೂ "ಚಾ", ರಾಗ ಮಾತ್ರ ಬೇರೆ. ನಮ್ಮ ಕಿವಿಗೆ ಆ ರಾಗದ ವ್ಯತ್ಯಾಸ ಹತ್ತುವುದೇ ಇಲ್ಲ. ನಾನು "ಅನ್ ಚಾಯ್, ಅನ್ ಚಾಯ್" ಅಂತ ಹೆಮ್ಮೆಯಿಂದ ಹೇಳಿದಾಗ ಒಬ್ಬ ಅಜ್ಜಿ ತಲೆಯಾಡಿಸಿ ಐಸ್ ಹಾಕಿದ ಟೀ ತಂದಿಟ್ಟರು. ಹಾಗಾಗಿ ಬಾಯಿ ನಂಬಬೇಡಿ. "ನಾನು ಸಸ್ಯಾಹಾರಿ, ಮೀನಿನ ಸಾಸ್ ಬೇಡ" ಎಂಬುದನ್ನು ವಿಯೆಟ್ನಾಮಿ ಅಕ್ಷರದಲ್ಲೇ ಫೋನ್‌ನಲ್ಲಿ ಇಟ್ಟುಕೊಳ್ಳಿ. ಅನುವಾದ ಆ್ಯಪ್‌ನಿಂದ ತೆಗೆದದ್ದನ್ನು ಗೈಡ್‌ಗೆ ಒಮ್ಮೆ ತೋರಿಸಿ ಸರಿಮಾಡಿಸಿ. ಉಳಿದ ದಿನಗಳಿಗೂ ಅದೇ ಉಪಯೋಗಕ್ಕೆ ಬರುತ್ತದೆ.

ಈರುಳ್ಳಿ-ಬೆಳ್ಳುಳ್ಳಿ ತಿನ್ನದವರಿಗೂ ದಾರಿ ಇದೆ. ಬೌದ್ಧ ಸಂಪ್ರದಾಯದ ಕಟ್ಟಾ ಚಾಯ್ ಅಡುಗೆಯಲ್ಲಿ ಅವೆರಡೂ ನಿಷಿದ್ಧ. ಎಲ್ಲಾ ಚಾಯ್ ಅಂಗಡಿಗಳೂ ಅದನ್ನು ಪಾಲಿಸುವುದಿಲ್ಲ, ಕೇಳಿಯೇ ತಿನ್ನಿ. ಗುಂಪಿನ ನಡಿಗೆಯಲ್ಲಿ ಇದು ಆಗದ ಮಾತು, ಪ್ರತ್ಯೇಕ ಗೈಡ್ ತೆಗೆದುಕೊಳ್ಳಿ.

## ಹಂತ 4: ಹೊರಡುವ ದಿನದ ತಯಾರಿ

ಹೋಟೆಲ್‌ನ ಬೆಳಗಿನ ಬಫೆಯನ್ನು "ದುಡ್ಡು ಕೊಟ್ಟಿದ್ದೀವಲ್ಲ" ಅಂತ ಹತ್ತೂವರೆವರೆಗೆ ಎಳೆಯಬೇಡಿ. ಸಂಜೆ ನಡಿಗೆ ಇದ್ದರೆ ಮಧ್ಯಾಹ್ನ 12ರೊಳಗೆ ಹಗುರವಾಗಿ ಏನಾದರೂ ತಿಂದು ಮುಗಿಸಿ. ಹಾಗಂತ ಪೂರ್ತಿ ಉಪವಾಸವೂ ಬೇಡ. ಖಾಲಿ ಹೊಟ್ಟೆಗೆ ಮೊದಲ ಬಟ್ಟಲು ಗಬಗಬನೆ ಇಳಿದುಬಿಡುತ್ತದೆ, ಆಮೇಲೆ ಕಥೆ ಮುಗಿಯಿತು.

ಹಿಂದೆ ಪಟ್ಟಿ ಇರುವ ಚಪ್ಪಲಿ ಅಥವಾ ಶೂ ಹಾಕಿ. ಪಾತ್ರೆ ತೊಳೆದ ನೀರು ಫುಟ್‌ಪಾತ್ ಮೇಲೇ ಹರಿಯುತ್ತದೆ, ಹವಾಯಿ ಚಪ್ಪಲಿ ಜಾರುತ್ತದೆ. ಚೀಲದಲ್ಲಿ ನೀರಿನ ಬಾಟಲಿ, ಕೈ ಒರೆಸುವ ಕಾಗದ, ಓಆರ್‌ಎಸ್ ಪ್ಯಾಕೆಟ್, ತೆಳು ರೇನ್‌ಕೋಟ್ ಇರಲಿ. ಮೇಜಿನ ಮೇಲೆ ಇಟ್ಟಿರುವ ಪ್ಯಾಕೆಟ್ ಒದ್ದೆ ಕಾಗದ ಹರಿದರೆ ಅದಕ್ಕೂ ಎರಡು-ಮೂರು ಸಾವಿರ ದೋಂಗ್ (ಅಲ್ಲಿನ ದುಡ್ಡು) ಬಿಲ್ ಬರುತ್ತದೆ. ಮೋಸವಲ್ಲ, ಅಲ್ಲಿನ ರೂಢಿ.

ನಗದು ಇರಲಿ. ನಮ್ಮ ಒಂದು ರೂಪಾಯಿಗೆ ಸುಮಾರು 300 ದೋಂಗ್. ಅಂದರೆ ಒಂದು ಲಕ್ಷ ದೋಂಗ್ ಅಂದಾಗ ಎದೆ ಹೊಡೆದುಕೊಳ್ಳಬೇಡಿ, ಮುನ್ನೂರು ಚಿಲ್ಲರೆ ರೂಪಾಯಿ ಅಷ್ಟೇ. ನಿಜವಾಗಿ ಎಚ್ಚರ ಬೇಕಾದದ್ದು ಬಣ್ಣದ ವಿಷಯದಲ್ಲಿ. 20 ಸಾವಿರದ ನೋಟೂ ನೀಲಿ, 5 ಲಕ್ಷದ ನೋಟೂ ನೀಲಿ. ಮಬ್ಬು ಬೆಳಕಲ್ಲಿ ಎರಡೂ ಒಂದೇ ಥರ ಕಾಣುತ್ತವೆ. 5 ಲಕ್ಷದವನ್ನು ಬೇರೆ ಜೇಬಿನಲ್ಲಿ ಇಡಿ.

## ಹಂತ 5: ರಸ್ತೆ ದಾಟುವುದನ್ನು ಕಲಿಯಿರಿ

ನಗಬೇಡಿ. ಬೆಂಗಳೂರಿನ ಸಿಲ್ಕ್ ಬೋರ್ಡ್ ದಾಟಿದವರೂ ಹನೋಯ್‌ನಲ್ಲಿ ಐದು ನಿಮಿಷ ನಿಂತಲ್ಲೇ ನಿಲ್ಲುತ್ತಾರೆ. ಸ್ಕೂಟರ್‌ಗಳ ಪ್ರವಾಹ ನಿಲ್ಲಲಿ ಅಂತ ಕಾದರೆ ಅದು ನಿಲ್ಲುವುದಿಲ್ಲ.

1. ಬಸ್ಸು, ಕಾರು ಹತ್ತಿರ ಬರುತ್ತಿಲ್ಲ ಅಂತ ನೋಡಿಕೊಳ್ಳಿ. ಅವು ನಿಮಗಾಗಿ ಬಳಸಿ ಹೋಗುವುದಿಲ್ಲ. ಅಲ್ಲಿ ವಾಹನಗಳು ಬಲಗಡೆ ಓಡುತ್ತವೆ, ಹಾಗಾಗಿ ಮೊದಲು ಎಡಕ್ಕೆ ನೋಡಿ.
2. ನಿಧಾನವಾಗಿ, ಒಂದೇ ವೇಗದಲ್ಲಿ ನಡೆಯಿರಿ. ಸ್ಕೂಟರ್‌ನವರು ನಿಮ್ಮ ವೇಗ ಅಂದಾಜು ಮಾಡಿ ಪಕ್ಕದಿಂದ ಹೋಗುತ್ತಾರೆ.
3. ಓಡಬೇಡಿ. ಥಟ್ಟನೆ ಹಿಂದಕ್ಕೆ ಹೆಜ್ಜೆ ಇಡಬೇಡಿ. ನಿಮ್ಮ ಹಿಂದಿನಿಂದ ಹೋಗಲು ಒಬ್ಬ ಆಗಲೇ ತಿರುಗಿಸಿರುತ್ತಾನೆ.

ಮೊದಲ ಎರಡು ಸಲ ಗೈಡ್‌ನ ಪಕ್ಕದಲ್ಲೇ ದಾಟಿ. ಫೋನ್ ಕೈಯಲ್ಲಿ ಹಿಡಿದು ರಸ್ತೆಯ ಅಂಚಿಗೆ ನಿಲ್ಲಬೇಡಿ, ಕಿತ್ತುಕೊಂಡು ಹೋಗುವವರು ಅಲ್ಲಿಯೂ ಇದ್ದಾರೆ.

## ಹಂತ 6: ಹೊಟ್ಟೆಯ ಲೆಕ್ಕ

ನನ್ನ ಮೊದಲ ನಡಿಗೆಯಲ್ಲಿ ಮೊದಲ ಅಂಗಡಿಯ ಫೋ ಬಟ್ಟಲನ್ನು ತಳ ಕಾಣುವವರೆಗೆ ಕುಡಿದೆ. ಬಟ್ಟಲಲ್ಲಿ ಬಿಡಬಾರದು ಅಂತ ಕಲಿತು ಬೆಳೆದ ಬುದ್ಧಿ. ನಾಲ್ಕನೇ ಅಂಗಡಿಯ ಹೊತ್ತಿಗೆ ಸೊಂಟದ ಬೆಲ್ಟ್ ಸಡಿಲಿಸಿದ್ದೆ, ಆರನೆಯ ಅಂಗಡಿಯಲ್ಲಿ ಏನಿತ್ತು ಅಂತ ಈಗಲೂ ಗೊತ್ತಿಲ್ಲ.

ಲೆಕ್ಕ ಹೀಗಿರಲಿ. ಕೂತ ತಕ್ಷಣ "ಇನ್ನೂ ಎಷ್ಟು ಕಡೆ ಬಾಕಿ?" ಅಂತ ಗೈಡ್‌ನ ಕೇಳಿ. ನೂಡಲ್ಸ್, ಅಂಟು ಅಕ್ಕಿ, ಬ್ರೆಡ್ ಈ ಮೂರು ಎಲ್ಲೇ ಬಂದರೂ ಇಬ್ಬರಿಗೆ ಒಂದು. ಸಾರು ನಾಲ್ಕು ಚಮಚ ಸಾಕು. ಕರಿದದ್ದು ಒಂದೇ ತುಂಡು. ಬಿಯರ್ ಕುಡಿಯುವವರಾದರೆ ಕೊನೆಗೆ ಇಡಿ. ಬಿಯಾ ಹೋಯ್ ಅನ್ನುವ ತಾಜಾ ಬಿಯರ್ ಹಗುರ, ಅಗ್ಗ, ಆದರೆ ಹೊಟ್ಟೆ ಉಬ್ಬಿಸುತ್ತದೆ. ಗೈಡ್ ಒಳ್ಳೆಯವರಾದರೆ ಬಟ್ಟಲಲ್ಲಿ ಬಿಟ್ಟದ್ದಕ್ಕೆ ಬೇಜಾರು ಮಾಡಿಕೊಳ್ಳುವುದಿಲ್ಲ. "ನೋ ಜೋಯ್" ಅಂದರೆ ಹೊಟ್ಟೆ ತುಂಬಿತು ಅಂತ. ನಗುತ್ತಾ ಹೇಳಿ.

ಸಸ್ಯಾಹಾರಿಗಳು ಯಾವುದಕ್ಕೆ ಹೊಟ್ಟೆಯಲ್ಲಿ ಜಾಗ ಇಡಬೇಕು ಅಂತ ಕೇಳಿದರೆ, ನನ್ನ ಆಯ್ಕೆ ಇದು. ಬಾನ್ ಕುವನ್ ಅನ್ನು ಒಳಗೆ ಏನೂ ತುಂಬದೆ, ಇಲ್ಲವೇ ಬರೀ ಅಣಬೆ ಹಾಕಿ ಮಾಡಿಸಿ, ಸೋಯಾ ಸಾಸ್ ಜೊತೆ ತಿನ್ನಿ. ಬಿಸಿ ಎಣ್ಣೆಯಿಂದ ಆಗಷ್ಟೇ ತೆಗೆದ ತೋಫುವನ್ನು ಚಿಕ್ಕ ನಿಂಬೆಯ ರಸ, ಉಪ್ಪು ಹಾಕಿಕೊಂಡು ತಿನ್ನಿ. ಸೀಗಡಿ ಪೇಸ್ಟ್ ಬಟ್ಟಲು ದೂರ ಸರಿಸಿಡಿ. ಅರಿಶಿನ ಬಣ್ಣದ ಸೋಯ್ ಸೆಯೋ ಮೇಲೆ ಬೇಯಿಸಿದ ಹೆಸರುಬೇಳೆಯ ಮುದ್ದೆಯನ್ನು ತೆಳುವಾಗಿ ಹೆರೆದು ಹಾಕುತ್ತಾರೆ. ಕೊಬ್ಬು ಬೇಡ ಅಂದರೆ ಇದು ನಮ್ಮ ನಾಲಿಗೆಗೆ ತಕ್ಷಣ ಒಗ್ಗುತ್ತದೆ. ತೋ ತಿಕ್ ಬೀದಿಯಲ್ಲಿ ಹಣ್ಣಿನ ಹೋಳುಗಳಿಗೆ ಗಟ್ಟಿ ಹಾಲು (ಡಬ್ಬಿಯ ಕಂಡೆನ್ಸ್ಡ್ ಮಿಲ್ಕ್), ಐಸ್ ಹಾಕಿ ಕೊಡುತ್ತಾರೆ. ಚೆ ಅನ್ನುವ ಸಿಹಿ, ಕಾಳು ಮತ್ತು ತೆಂಗಿನ ಹಾಲಿನದ್ದು, ಪಾಯಸದ ದೂರದ ನೆಂಟ.

ಮೀನು ತಿನ್ನುವವರಿಗೆ ಚಾ ಕಾ ತಪ್ಪಿಸಬೇಡಿ ಅಂತ ಹೇಳುತ್ತೇನೆ. ಅರಿಶಿನ ಹಚ್ಚಿದ ಮೀನಿಗೆ ಕಟ್ಟುಗಟ್ಟಲೆ ಸಬ್ಬಸಿಗೆ ಸೊಪ್ಪು ಹಾಕಿ ನಿಮ್ಮ ಮುಂದೆಯೇ ಹುರಿಯುತ್ತಾರೆ. ನಮ್ಮಲ್ಲಿ ಸಬ್ಬಸಿಗೆ ಅಂದರೆ ಅಕ್ಕಿರೊಟ್ಟಿ, ಇಡ್ಲಿ. ಅಲ್ಲಿ ಮೀನು. ಇದಕ್ಕೆ ದೊಡ್ಡ ಊಟದಷ್ಟೇ ಜಾಗ ಬೇಕು, ಎಲ್ಲಾ ನಡಿಗೆಗಳಲ್ಲೂ ಇರುವುದಿಲ್ಲ.

ಕೊನೆಗೆ ಸಾಮಾನ್ಯವಾಗಿ ಮೊಟ್ಟೆ ಕಾಫಿ. ಹಳದಿಯನ್ನು ಗಟ್ಟಿ ಹಾಲಿನ ಜೊತೆ ನೊರೆ ಬರುವಂತೆ ಕಡೆದು, ಕಡು ಕಾಫಿಯ ಮೇಲೆ ಹಾಕುತ್ತಾರೆ. ಬಿಸಿಯದ್ದನ್ನು ಬಿಸಿ ನೀರಿನ ಬಟ್ಟಲಲ್ಲಿ ಇಟ್ಟು ಕೊಡುತ್ತಾರೆ. ಆ ನೀರು ಕುಡಿಯುವುದಕ್ಕಲ್ಲ, ಆರದಿರಲಿ ಅಂತ. ಮೊಟ್ಟೆ ಬೇಡದವರು ತೆಂಗಿನಕಾಯಿ ಕಾಫಿ ಕೇಳಿ. ರಾತ್ರಿ 9ಕ್ಕೆ ಇದನ್ನು ಕುಡಿದರೆ ನಿದ್ದೆ ಬರುವುದಿಲ್ಲ, ಅಲ್ಲಿನ ಕಾಫಿಬೀಜ ಹೆಚ್ಚಾಗಿ ರೊಬಸ್ಟಾ. ಕೊಡಗಿನವರು ಮೊದಲ ಗುಟುಕಿನಲ್ಲೇ ಕಂಡುಹಿಡಿಯುತ್ತಾರೆ.

## ಹಂತ 7: ತಿನ್ನುವ ಮೊದಲು ಅಂಗಡಿ ನೋಡಿ

ಗೈಡ್ ಕರೆದುಕೊಂಡು ಹೋದ ಅಂಗಡಿ ಅಂದ ಮಾತ್ರಕ್ಕೆ ಕಣ್ಣು ಮುಚ್ಚಬೇಡಿ.

ಒಳ್ಳೆಯ ಗುರುತು: ಊರಿನವರೇ ತುಂಬಿದ್ದಾರೆ, ಒಂದು-ಎರಡೇ ತಿಂಡಿ ಮಾಡುತ್ತಾರೆ, ಪಾತ್ರೆಯಿಂದ ಹಬೆ ಏಳುತ್ತಿದೆ. ಕೆಟ್ಟ ಗುರುತು: ಸುಟ್ಟಿಟ್ಟ ಮಾಂಸ ತಣ್ಣಗೆ ರಾಶಿ ಬಿದ್ದಿದೆ, ಹಸಿ ಮಾಂಸ ಮುಟ್ಟಿದ ಕೈಯಲ್ಲೇ ಸೊಪ್ಪು ಹಾಕುತ್ತಿದ್ದಾರೆ.

ನಲ್ಲಿ ನೀರು ಕುಡಿಯಬೇಡಿ. ಐಸ್ ಕೊಳವೆ ಆಕಾರದಲ್ಲಿ, ನಡುವೆ ತೂತು ಇದ್ದರೆ ಅದು ಕಾರ್ಖಾನೆಯದ್ದು, ಸಾಮಾನ್ಯವಾಗಿ ತೊಂದರೆ ಇಲ್ಲ. ದೊಡ್ಡ ಗಡ್ಡೆ ಒಡೆದು ಹಾಕಿದ್ದಾದರೆ ಬಿಡಿ. ಹಸಿ ಸೊಪ್ಪಿನ ಬುಟ್ಟಿ ಪ್ರತಿ ಮೇಜಿಗೂ ಬರುತ್ತದೆ. ಹೊಟ್ಟೆ ಸೂಕ್ಷ್ಮ ಇದ್ದವರು ಅದನ್ನು ಬಿಸಿ ಸಾರಿಗೆ ಅದ್ದಿ ತಿನ್ನಿ.

ಒಂದೇ ಕತ್ತರಿಯಲ್ಲಿ ಮಾಂಸವನ್ನೂ ತೋಫುವನ್ನೂ ಕತ್ತರಿಸುತ್ತಾರೆ, ಒಂದೇ ಎಣ್ಣೆಯಲ್ಲಿ ಕರಿಯುತ್ತಾರೆ. ಇದು ಒಪ್ಪಿಗೆಯಾ ಇಲ್ಲವಾ ಅಂತ ಮನೆಯಲ್ಲೇ ತೀರ್ಮಾನಿಸಿ ಬನ್ನಿ. ಒಪ್ಪಿಗೆ ಇಲ್ಲದಿದ್ದರೆ ಪೂರ್ತಿ ಚಾಯ್ ಅಂಗಡಿಗಳ ನಡಿಗೆಯನ್ನೇ ಕೇಳಿ. ಬೀದಿಯಲ್ಲಿ ನಿಂತು ಗೈಡ್ ಜೊತೆ ವಾದ ಮಾಡಿ ಸುಮ್ನೆ ಎಲ್ಲರ ಸಂಜೆ ಹಾಳು ಮಾಡುವುದು ಬೇಡ.

ನಾಯಿಮಾಂಸ ಗೊತ್ತಿಲ್ಲದೆ ಬಂದುಬಿಟ್ಟರೆ ಅಂತ ಹೆದರುವವರಿದ್ದಾರೆ. ಅದನ್ನು ಮಾರುವ ಅಂಗಡಿಗಳು ಬೇರೆಯೇ, ಬೋರ್ಡ್ ಹಾಕಿಕೊಂಡಿರುತ್ತವೆ. ಪ್ರವಾಸಿಗರ ನಡಿಗೆಯಲ್ಲಿ ಅಂಥ ಕಡೆ ನಿಲ್ಲಿಸುವುದಿಲ್ಲ.

## ಹಂತ 8: ದುಡ್ಡು ಮತ್ತು ದಾರಿಯ ಕಿರಿಕಿರಿ

ಬಿದಿರಿನ ಅಡ್ಡೆ ಹೊತ್ತ ಹೆಂಗಸು ನಗುತ್ತಾ ಅದನ್ನು ನಿಮ್ಮ ಹೆಗಲಿಗೆ ಇಟ್ಟು, ತಲೆಗೆ ಟೋಪಿ ಹಾಕಿದರೆ ಫೋಟೊ ತೆಗೆಸಿಕೊಳ್ಳುವ ಮೊದಲೇ ಕೆಳಗಿಳಿಸಿ. ಆಮೇಲೆ ನಾಲ್ಕು ಅನಾನಸ್ ಹೋಳಿಗೆ ಮನಬಂದ ದರ ಹೇಳುತ್ತಾರೆ. ಚಪ್ಪಲಿ ಹರಿದಿದೆ ಅಂತ ತೋರಿಸಿ, ನೀವು ಹೂಂ ಅನ್ನುವ ಮೊದಲೇ ಅಂಟು ಹಚ್ಚುವವರೂ ಇದ್ದಾರೆ. ಕಾಲು ಹಿಂದೆ ಎಳೆದುಕೊಂಡು ಮುಂದೆ ನಡೆಯಿರಿ.

ವಿಯೆಟ್ನಾಂನಲ್ಲಿ ಟಿಪ್ಸ್ ಕಡ್ಡಾಯವಲ್ಲ. ಗೈಡ್ ಚೆನ್ನಾಗಿ ನೋಡಿಕೊಂಡರೆ ಒಬ್ಬರ ಲೆಕ್ಕದಲ್ಲಿ 50 ಸಾವಿರದಿಂದ ಒಂದು ಲಕ್ಷ ದೋಂಗ್ ಕೊಡಿ. ಸಸ್ಯಾಹಾರಿಗಾಗಿ ಪ್ರತಿ ಅಂಗಡಿಯಲ್ಲೂ ಒಳಗೆ ಹೋಗಿ ಮಾತಾಡಿ ಬಂದವರಿಗೆ ಸ್ವಲ್ಪ ಮೇಲೇ ಕೊಡಿ, ಅದು ಎರಡು ಪಟ್ಟು ಕೆಲಸ.

## ಹಂತ 9: ನಡಿಗೆ ಮುಗಿದ ಮೇಲೆ

ಪ್ರತಿ ಅಂಗಡಿಯ ಬೋರ್ಡಿನ ಫೋಟೊ ತೆಗೆದುಕೊಳ್ಳಿ, ತಟ್ಟೆಯದ್ದಲ್ಲ. ಬೋರ್ಡಿನಲ್ಲಿ ವಿಳಾಸವೂ ಇರುತ್ತದೆ. ಬೀಳ್ಕೊಡುವ ಮೊದಲು ಗೈಡ್‌ನಿಂದ ಎರಡು ವಿಷಯ ತಿಳಿದುಕೊಳ್ಳಿ: ನಿಮ್ಮ ಹೋಟೆಲ್ ಹತ್ತಿರದ ಚಾಯ್ ಅಂಗಡಿ ಯಾವುದು, ಇವತ್ತು ತಿಂದದ್ದರ ನಿಜವಾದ ದರ ಎಷ್ಟು. ಮರುದಿನ ಒಬ್ಬರೇ ಹೋದಾಗ ದರ ಗೊತ್ತಿದ್ದರೆ ಧೈರ್ಯ ಬರುತ್ತದೆ.

ರಾತ್ರಿ ಹೊಟ್ಟೆ ಕೆಟ್ಟರೆ ಓಆರ್‌ಎಸ್ ಕುಡಿಯಿರಿ. ತಂದದ್ದು ಮುಗಿದರೆ ಔಷಧಿ ಅಂಗಡಿಯಲ್ಲಿ "ಓರೆಸೋಲ್" ಅಂತ ಕೇಳಿ. ಜ್ವರ ಬಂದರೆ, ರಕ್ತ ಕಂಡರೆ, ನೀರು ಕುಡಿದರೂ ವಾಂತಿಯಾದರೆ ಕಾಯಬೇಡಿ, ಹೋಟೆಲ್‌ನವರಿಗೆ ಹೇಳಿ ಆಸ್ಪತ್ರೆಗೆ ಹೋಗಿ. ಆಂಬುಲೆನ್ಸ್ ಸಂಖ್ಯೆ 115.

ಏನೂ ಆಗದಿದ್ದರೆ ಮರುದಿನ ಬೆಳಿಗ್ಗೆ 7ಕ್ಕೆ ಗೈಡ್ ಇಲ್ಲದೆ ಆ ಬಾನ್ ಕುವನ್ ಅಂಗಡಿಗೆ ಹೋಗಿ. ಫೋನ್‌ನಲ್ಲಿರುವ ಸಾಲು ತೋರಿಸಿ, ಮಣೆಯಂಥ ಆ ಸ್ಟೂಲ್ ಮೇಲೆ ಕೂತುಕೊಳ್ಳಿ. ಈ ಸಲ ಬೇಕಿದ್ದರೆ ಎರಡು ತಟ್ಟೆ ತಿನ್ನಿ.